ಕುಟುಂಬ ಪಿಂಚಣಿ ನಮ್ಮವರು ಬಿಟ್ಟುಹೋದ ಆಸ್ತಿಯಲ್ಲ

ಹೋದ ಗುರುವಾರ ಸಂಜೆ ದೀಪ ಹಚ್ಚುವ ಹೊತ್ತಿಗೆ ಒಬ್ಬಾಕೆ ನಮ್ಮ ಮನೆಗೆ ಬಂದಳು. ಗಂಡ ಡಿ ಗ್ರೂಪ್ ನೌಕರ, ತೀರಿಕೊಂಡು ಐದು ತಿಂಗಳಾಗಿದೆ. ಕೈಯಲ್ಲಿ ಸೀರೆ ಅಂಗಡಿಯ ಚೀಲ. ಅದರೊಳಗೆ ಮರಣ ಪ್ರಮಾಣ ಪತ್ರ, ಆಧಾರ್ ಕಾರ್ಡ್, ಬ್ಯಾಂಕಿನ ಪಾಸ್‌ಬುಕ್, ಮದುವೆಯದೊಂದು ಫೋಟೊ. ನೀರು ಕೊಟ್ಟರೆ ಕುಡಿಯಲಿಲ್ಲ, ಮೊದಲು ಮಾತು ಕೇಳಿಬಿಟ್ಟಳು.

"ಅಕ್ಕಾರ, ನಮ್ಮ ಭಾವ ಅಂತಾರ, ಪಿಂಚಣಿ ಅವರ ಹೆಸರಿಗೆ ಬರದಿಟ್ಟಾರಂತ. ಖರೇ ಏನ್ರಿ? ನನಗೇನೂ ಬರಂಗಿಲ್ಲೇನ್ರಿ?"

ಆಕೆಗೆ ಉತ್ತರ ಕೊಟ್ಟು ಕಳಿಸಿದ ಮೇಲೆ ಆ ರಾತ್ರಿ ನನಗೆ ನಿದ್ದೆ ಬರಲಿಲ್ಲ. 2016ರ ಶ್ರಾವಣದಲ್ಲಿ ನಮ್ಮ ಮನೆಯವರು ಹೋದಾಗ ಇದೇ ಪ್ರಶ್ನೆ ಹಿಡಿದುಕೊಂಡು ನಾನು ಎಷ್ಟು ಬಾಗಿಲು ತಟ್ಟಿದ್ದೆ ಎಂಬುದು ಒಂದೊಂದಾಗಿ ನೆನಪಾಯಿತು. ಅದನ್ನೆಲ್ಲ ಬರೆದಿಟ್ಟರೆ ಇನ್ನೊಬ್ಬಳಿಗೆ ಒಂದೆರಡು ಬಾಗಿಲಾದರೂ ತಪ್ಪೀತು ಎಂದು ಬರೆಯುತ್ತಿದ್ದೇನೆ.

ನಮ್ಮವರು ಸರ್ಕಾರಿ ಪ್ರಾಥಮಿಕ ಶಾಲೆಯ ಮಾಸ್ತರರು. ಧಾರವಾಡ ಕಡೆಯ ಮನೆ. ನಿವೃತ್ತಿಗೆ ಇನ್ನೂ ಎರಡು ವರ್ಷವಿತ್ತು. ಕಿಡ್ನಿ ಕೈಕೊಟ್ಟು ವಾರಕ್ಕೆರಡು ಸಲ ಡಯಾಲಿಸಿಸ್ ಮಾಡಿಸುತ್ತಿದ್ದೆವು. ಕಡೆಯ ಹನ್ನೊಂದು ದಿನ ಆಸ್ಪತ್ರೆಯಲ್ಲೇ ಇದ್ದರು. ಹಗಲು ನಾನು, ರಾತ್ರಿ ನನ್ನ ಮೈದುನ. ಹೀಗೆ ಸರದಿಯಲ್ಲಿ ಇರುತ್ತಿದ್ದೆವು. ಮಗ ಆಗ ಡಿಪ್ಲೊಮಾ ಕಡೆಯ ವರ್ಷದಲ್ಲಿದ್ದ.

ಹದಿಮೂರನೆಯ ದಿನದ ಕಾರ್ಯ ಮುಗಿದು, ಬಂದವರೆಲ್ಲ ಹೋದ ಮೇಲೆ ಮೈದುನ ಒಂದು ಕಾಗದ ತಂದು ಪಡಸಾಲೆಯಲ್ಲಿ ನನ್ನ ಮುಂದಿಟ್ಟ. ನೂರು ರೂಪಾಯಿಯ ಸ್ಟ್ಯಾಂಪ್ ಪೇಪರು. ಮೇಲೆ 'ಮರಣಶಾಸನ ಪತ್ರ' ಎಂದಿತ್ತು. ನನ್ನ ನೌಕರಿಯಿಂದ ಬರತಕ್ಕ ಪಿಂಚಣಿ ಮೊದಲಾದ ಎಲ್ಲ ಹಣವೂ ನನ್ನ ತಮ್ಮನಿಗೆ ಸೇರತಕ್ಕದ್ದು, ಅವನು ನಮ್ಮ ತಾಯಿಯನ್ನು ನೋಡಿಕೊಳ್ಳತಕ್ಕದ್ದು ಎಂದು ಟೈಪು ಮಾಡಿತ್ತು. ಕೆಳಗೆ ಸಹಿ.

"ವೈನಿ, ಅಣ್ಣಾ ತಾನ ಮಾಡಿಟ್ಟಾನ. ನೀವು ಒಪ್ಪಿಗಿ ಅಂತ ಇಲ್ಲೊಂದು ಸಹಿ ಮಾಡ್ರಿ ಸಾಕು" ಎಂದ.

ನಾನು ಮಾಡಲಿಲ್ಲ. ಧೈರ್ಯದಿಂದ ಮಾಡಲಿಲ್ಲ ಎಂದರೆ ಸುಳ್ಳಾಗುತ್ತದೆ. ಕಣ್ಣು ಮಂಜಾಗಿ ಅಕ್ಷರವೇ ಕಾಣುತ್ತಿರಲಿಲ್ಲ. ನಾಳೆ ನೋಡೋಣ ಎಂದೆ. ಆ ಒಂದು 'ನಾಳೆ' ನನ್ನನ್ನು ಉಳಿಸಿತು.

ಆ ಸಹಿಯ ವಿಷಯ ಹೇಳಿಬಿಡುತ್ತೇನೆ. ಮೈದುನ ಅವತ್ತು ಎದ್ದು ಹೋದ ಮೇಲೆ ಅದರ ಝೆರಾಕ್ಸ್ ಪ್ರತಿ ನನ್ನ ಹತ್ತಿರ ಉಳಿಯಿತು. ಟ್ರಂಕಿನಿಂದ ಮಗನ ಏಳನೇ ಇಯತ್ತೆಯ ಪ್ರಗತಿ ಪತ್ರ ತೆಗೆದೆ. ಅದರಲ್ಲಿ ಪಾಲಕರ ಸಹಿ ಎಂಬಲ್ಲಿ ನಮ್ಮವರ ಸಹಿ ಇತ್ತು. ಎರಡನ್ನೂ ಕಿಟಕಿಯ ಬೆಳಕಿಗೆ ಹಿಡಿದು ನೋಡಿದೆ. ಕಡೆಯ ಅಕ್ಷರದ ಕೆಳಗೆ ಅವರು ಎಳೆಯುತ್ತಿದ್ದ ಗೆರೆ ಎರಡರಲ್ಲೂ ಇತ್ತು. ಆದರೆ ಆಸ್ಪತ್ರೆಯಲ್ಲಿ ಅವರ ಕೈ ಎಷ್ಟು ನಡುಗುತ್ತಿತ್ತು ಎಂದರೆ ಲೋಟ ನಾನೇ ಹಿಡಿಯಬೇಕಾಗಿತ್ತು. ಈ ಸಹಿಯಲ್ಲಿ ನಡುಕವಿರಲಿಲ್ಲ. ಹಾಗಾದರೆ ಮುಂಚೆಯೇ ಮಾಡಿದ್ದರೇ? ನನಗೆ ಹೇಳದೆಯೇ? ಅಥವಾ ಬೇರೆ ಯಾರದೋ ಕೈಯೇ? ಮೂರು ರಾತ್ರಿ ಹೀಗೇ ನೋಡಿದೆ. ನಾಲ್ಕನೇ ದಿನ ಎರಡನ್ನೂ ಬೇರೆಬೇರೆ ಕಡೆ ಇಟ್ಟೆ. ಇವತ್ತಿಗೂ ನನಗೆ ಉತ್ತರ ಗೊತ್ತಿಲ್ಲ. ಪಿಂಚಣಿ ಸಿಗಲು ಆ ಉತ್ತರ ಬೇಕಾಗಿರಲೇ ಇಲ್ಲ ಎಂಬುದು ತಿಳಿದದ್ದು ಏಳು ತಿಂಗಳ ಮೇಲೆ.

ಆ ಏಳು ತಿಂಗಳು ಹೇಗೆ ಹೋಯಿತು ಎಂದರೆ, ಮೊದಲು ಇಲಾಖೆಯ ತಾಲ್ಲೂಕು ಕಚೇರಿಗೆ ಹೋದೆ. ಮಾಸ್ತರರ ಹೆಂಡತಿ ಎಂದು ಎಲ್ಲರೂ ಮರ್ಯಾದೆಯಿಂದಲೇ ಮಾತಾಡಿದರು, ಚಹಾ ತರಿಸಿದರು. ಬೇಕಾದ ಕಾಗದಗಳ ಪಟ್ಟಿ ಹೇಳಿದರು. ಮರಣ ಪ್ರಮಾಣ ಪತ್ರ, ನಾಡಕಚೇರಿಯಿಂದ ಬದುಕಿರುವ ಕುಟುಂಬ ಸದಸ್ಯರ ದೃಢೀಕರಣ ಪತ್ರ, ನನ್ನ ಮೂರು ಫೋಟೊ, ಮಾದರಿ ಸಹಿ, ಗುರುತಿನ ಚಿಹ್ನೆಗಳ ವಿವರ, ಬ್ಯಾಂಕ್ ಖಾತೆ. ಒಂದು ತಿಂಗಳಲ್ಲಿ ಎಲ್ಲ ಕೊಟ್ಟೆ. ದೀಪಾವಳಿ ಮುಗಿಸಿಕೊಂಡು ಹೋದಾಗ ಮಾತು ಬದಲಾಗಿತ್ತು.

"ಅಕ್ಕಾರ, ನಿಮ್ಮ ಮೈದುನ ತಕರಾರು ಅರ್ಜಿ ಕೊಟ್ಟಾರ. ಮರಣಶಾಸನ ಐತಂತ. ಅದು ಇತ್ಯರ್ಥ ಆಗೂತನಾ ಕಡತ ಮುಂದ ಹೋಗಂಗಿಲ್ರಿ. ಕೋರ್ಟಿನಿಂದ ವಾರಸಾ ಸರ್ಟಿಫಿಕೇಟ್ ತಗೊಂಡ ಬರ್ರಿ."

ಊರಲ್ಲಿ ವಾರಸಾ ಎಂದರೆ ಎಲ್ಲರಿಗೂ ಒಂದೇ ಅರ್ಥ: ಸತ್ತವರ ಆಸ್ತಿ ಯಾರಿಗೆ ಎಷ್ಟು ಎಂಬ ಲೆಕ್ಕ. ಹೊಲಕ್ಕೂ ಅದೇ, ಮನೆಗೂ ಅದೇ, ಬ್ಯಾಂಕಿನ ದುಡ್ಡಿಗೂ ಅದೇ. ಹಾಗೆಯೇ ಪಿಂಚಣಿಗೂ ಇರಬೇಕು ಎಂದು ನಾನೂ ತಿಳಿದೆ. ಖಾಸಗಿ ವಕೀಲರೊಬ್ಬರ ಹತ್ತಿರ ಹೋದೆ. ಉತ್ತರಾಧಿಕಾರ ಪ್ರಮಾಣ ಪತ್ರಕ್ಕೆ ಅರ್ಜಿ ಹಾಕೋಣ, ಮರಣಶಾಸನ ಇರುವುದರಿಂದ ಕೇಸು ವರ್ಷಗಟ್ಟಲೆ ನಡೆಯಬಹುದು ಎಂದರು. ಫೀಸು ಕೇಳಿ ಎದ್ದು ಬಂದೆ. ಆಗ ಮನೆಯಲ್ಲಿ ಸೀರೆಗಳಿಗೆ ಫಾಲ್ಸ್ ಹಚ್ಚಿ, ಕುಚ್ಚು ಕಟ್ಟಿ ದಿನ ದೂಡುತ್ತಿದ್ದೆ.

ಇನ್ನೊಂದು ಕಡೆ ನೆರೆಯವರು, ವಿಧವಾ ವೇತನಕ್ಕಾದರೂ ಅರ್ಜಿ ಹಾಕ್ರಿ ಎನ್ನುತ್ತಿದ್ದರು. ಇವೆರಡನ್ನೂ ಒಂದೇ ಎಂದುಕೊಂಡವರು ಬಹಳ ಜನ. ವಿಧವಾ ವೇತನ ಸಾಮಾಜಿಕ ಭದ್ರತೆಯ ಯೋಜನೆ, ಬಡತನ ನೋಡಿ ಕಂದಾಯ ಇಲಾಖೆಯಿಂದ ಕೊಡುವಂಥದ್ದು. ಗಂಡ ಏನು ಕೆಲಸ ಮಾಡುತ್ತಿದ್ದ ಎಂಬುದಕ್ಕೂ ಅದಕ್ಕೂ ಸಂಬಂಧವಿಲ್ಲ. ಕುಟುಂಬ ಪಿಂಚಣಿ ಬರುವುದು ಗಂಡನ ಸರ್ಕಾರಿ ಸೇವೆಯ ಕಾರಣದಿಂದ, ಸೇವಾ ನಿಯಮದ ಪ್ರಕಾರ. ಮೊತ್ತದಲ್ಲೂ ಅಜಗಜಾಂತರ.

ದಾರಿ ತೋರಿಸಿದ್ದು ನಮ್ಮವರ ಶಾಲೆಯಲ್ಲೇ ಇದ್ದ ಇನ್ನೊಬ್ಬ ಅಕ್ಕೋರು. ಕೋರ್ಟಿನ ಆವರಣದಲ್ಲೇ ತಾಲ್ಲೂಕು ಕಾನೂನು ಸೇವಾ ಸಮಿತಿ ಇದೆ, ಹೆಣ್ಣುಮಕ್ಕಳಿಗೆ ಅಲ್ಲಿ ವಕೀಲರು ಪುಕ್ಕಟೆ ಎಂದರು. ನಾನು ಬಿಪಿಎಲ್ ಅಲ್ಲವಲ್ಲ ಎಂದೆ. ಬೇಕಾಗಿಲ್ಲ ಎಂದರು. ಹೌದು, 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮಿನಲ್ಲಿ ಹೆಂಗಸರಿಗೆ ಆದಾಯದ ಮಿತಿ ಇಲ್ಲ. ಹೆಂಗಸಾಗಿದ್ದರೆ ಸಾಕು. ಇದನ್ನು ನಮ್ಮ ಓಣಿಯ ಒಬ್ಬ ಹೆಣ್ಣುಮಗಳೂ ತಿಳಿದಿರಲಿಲ್ಲ ಎಂಬುದು ನನಗೆ ಈಗಲೂ ಸಂಕಟದ ವಿಷಯ. ಹೋಗುವುದು ಆಗದಿದ್ದರೆ 15100 ಎಂಬ ಸಂಖ್ಯೆಗೆ ಫೋನು ಮಾಡಿದರೂ ದಾರಿ ಹೇಳುತ್ತಾರೆ.

ನನಗೆ ಕೊಟ್ಟ ವಕೀಲರು ಸಣ್ಣ ವಯಸ್ಸಿನವರು, ನನ್ನ ಮಗನಿಗಿಂತ ಏಳೆಂಟು ವರ್ಷ ದೊಡ್ಡವರಿರಬಹುದು. ನಾನು ಸಹಿಯ ಝೆರಾಕ್ಸನ್ನೂ ಪ್ರಗತಿ ಪತ್ರವನ್ನೂ ಮೇಜಿನ ಮೇಲಿಟ್ಟು, ಇದು ಅವರ ಸಹಿ ಹೌದೋ ಅಲ್ಲವೋ ಎಂದು ಪರೀಕ್ಷೆ ಮಾಡಿಸಬೇಕೇನ್ರಿ ಎಂದು ಕೇಳಿದೆ. ಅವರು ಎರಡನ್ನೂ ನೋಡದೆ ನನ್ನ ಕಡೆಗೇ ಸರಿಸಿದರು.

"ಈ ಕಾಗದ ಖರೇ ಇರ್ಲಿ, ಸುಳ್ಳಿರ್ಲಿ, ನಿಮ್ಮ ಕುಟುಂಬ ಪಿಂಚಣಿಗೆ ಏನೂ ಸಂಬಂಧ ಇಲ್ರಿ ಅಕ್ಕಾ. ತಮ್ಮದಲ್ಲದ್ದನ್ನ ಯಾರೂ ಬರದ ಕೊಡಾಕ ಬರಂಗಿಲ್ಲ. ಇದು ಸರ್ ಅವರದ್ದಲ್ಲ. ಇದು ನಿಮ್ಮದು."

ಮರಣಶಾಸನದಲ್ಲಿ ಒಬ್ಬ ಮನುಷ್ಯ ತನ್ನ ಆಸ್ತಿಯನ್ನು ಯಾರಿಗಾದರೂ ಕೊಡಬಹುದು. ಕುಟುಂಬ ಪಿಂಚಣಿ ಅವನ ಆಸ್ತಿಯೇ ಅಲ್ಲ. ಅವನು ಬದುಕಿರುವವರೆಗೆ ಅದು ಹುಟ್ಟಿಯೇ ಇರುವುದಿಲ್ಲ. ಅವನು ಸತ್ತ ಮರುದಿನ, ನಿಯಮದ ಬಲದಿಂದ, ನೇರವಾಗಿ ಹೆಂಡತಿಗೆ ಹುಟ್ಟುತ್ತದೆ. ಅದು ಗಂಡನ ಕೈಯಿಂದ ಹೆಂಡತಿಯ ಕೈಗೆ ದಾಟುವ ದುಡ್ಡಲ್ಲ. ಹಾಗಾಗಿ ನಡುವೆ ಕೈಯೊಡ್ಡಲು ಯಾರಿಗೂ ಜಾಗವಿಲ್ಲ.

ಇದು ಆ ವಕೀಲರು ನನ್ನ ಸಮಾಧಾನಕ್ಕೆ ಹೇಳಿದ ಮಾತಲ್ಲ. ಸುಪ್ರೀಂ ಕೋರ್ಟು 1991ರಲ್ಲಿ ವಯೊಲೆಟ್ ಐಸಾಕ್ ಪ್ರಕರಣದಲ್ಲಿ ಹೇಳಿದ್ದು. ಆ ಹೆಣ್ಣುಮಗಳ ಗಂಡ ರೈಲ್ವೆ ನೌಕರ. ತನಗೆ ಬರುವುದೆಲ್ಲ ತಮ್ಮನಿಗೆ ಎಂದು ಮರಣಶಾಸನ ಬರೆದಿದ್ದ. ಆ ತಮ್ಮ ಕೋರ್ಟಿಗೆ ಹೋದ. ರೈಲ್ವೆಯವರು ದುಡ್ಡು ಕೊಡುವುದನ್ನು ತಡೆದು ಕೂತರು. ಕೇಳುತ್ತ ಕೂತಾಗ ನನ್ನದೇ ಕಥೆಯನ್ನು ಯಾರೋ ಮುಂಚೆಯೇ ಬದುಕಿದ್ದಾರೆ ಅನ್ನಿಸಿತು. ಕುಟುಂಬ ಪಿಂಚಣಿ ಯೋಜನೆ ಹೆಂಡತಿ ಮಕ್ಕಳಿಗಾಗಿ ಇರುವುದು, ನೌಕರನಿಗೆ ಅದರ ಮೇಲೆ ಹಕ್ಕೂ ಇಲ್ಲ ಹಿಡಿತವೂ ಇಲ್ಲ, ಅದು ಅವನ ಸ್ವತ್ತಿನ ಭಾಗವಲ್ಲ, ಆದ್ದರಿಂದ ಮರಣಶಾಸನದಿಂದ ಬೇರೆಯವರಿಗೆ ಕೊಡಲು ಬರುವುದಿಲ್ಲ ಎಂದು ಕೋರ್ಟು ತೀರ್ಮಾನಿಸಿತು. ಅದಕ್ಕೂ ಮುಂಚೆ 1980ರಲ್ಲಿ ಜೋಧ್ ಸಿಂಗ್ ಪ್ರಕರಣದಲ್ಲೂ ಇದೇ ಅರ್ಥದ ತೀರ್ಪು ಬಂದಿತ್ತು.

ನಮ್ಮ ರಾಜ್ಯದ ನೌಕರರಿಗೆ ಅನ್ವಯಿಸುವುದು 2002ರ ಕರ್ನಾಟಕ ಸರ್ಕಾರಿ ನೌಕರರ ಕುಟುಂಬ ಪಿಂಚಣಿ ನಿಯಮಗಳು. ಅದರಲ್ಲಿ ಮೊದಲ ಸ್ಥಾನ ವಿಧವೆಯದು, ಅಥವಾ ನೌಕರಿ ಹೆಂಡತಿಯದಾಗಿದ್ದರೆ ವಿಧುರನದು. ಆಮೇಲೆ ಮಕ್ಕಳು. ಹೆಂಡತಿ ಬದುಕಿರುವಾಗ ಅಣ್ಣತಮ್ಮಂದಿರ ಮಾತೇ ಇಲ್ಲ. ದರವೂ ಅಲ್ಲೇ ಇದೆ: ಕೊನೆಯ ಮೂಲ ವೇತನದ ಶೇ. 30. ಮೂಲ ವೇತನ 30,000 ಇದ್ದರೆ 9,000, ಅದರ ಮೇಲೆ ತುಟ್ಟಿಭತ್ಯೆ. ಸೇವೆಯಲ್ಲಿರುವಾಗ ತೀರಿಕೊಂಡರೆ ಮೊದಲ ಕೆಲವು ವರ್ಷ ಹೆಚ್ಚಿನ ದರ ಇರುತ್ತದೆ. ಕೇಂದ್ರ ಸರ್ಕಾರದ ನೌಕರರಲ್ಲಿ ಆ ಹೆಚ್ಚಿನ ದರ ಶೇ. 50, ಸೇವೆಯಲ್ಲಿದ್ದಾಗಲೇ ಹೋದವರ ಮನೆಗೆ ಹತ್ತು ವರ್ಷ ಸಿಗುತ್ತದೆ.

ಇಲ್ಲಿ ಒಂದು ಗೊಂದಲ ಬಿಡಿಸಿ ಹೇಳಬೇಕು. ನೌಕರ ಸತ್ತಾಗ ಬರುವ ಎಲ್ಲ ದುಡ್ಡೂ ಒಂದೇ ಜಾತಿಯದಲ್ಲ. ಭವಿಷ್ಯ ನಿಧಿಯಾದ ಜಿಪಿಎಫ್‌ಗೆ, ಗ್ರಾಚ್ಯುಟಿಗೆ, ರಾಜ್ಯ ಸರ್ಕಾರಿ ನೌಕರರ ಕೆಜಿಐಡಿ ವಿಮೆಗೆ ನಾಮನಿರ್ದೇಶನ ಇರುತ್ತದೆ. ನೌಕರ ಯಾರ ಹೆಸರು ಬರೆದಿದ್ದಾನೆ ಎಂದು ಕಚೇರಿಯವರು ನೋಡುತ್ತಾರೆ. ಬ್ಯಾಂಕಿನಲ್ಲಿದ್ದ ಉಳಿತಾಯ, ಹೊಲ, ಮನೆ ಇವೆಲ್ಲ ಆಸ್ತಿ, ಉತ್ತರಾಧಿಕಾರದ ಕಾನೂನಿಗೆ ಒಳಪಡುತ್ತವೆ. ಮರಣಶಾಸನ ಇಲ್ಲದಿದ್ದರೆ ಹಿಂದೂ ಉತ್ತರಾಧಿಕಾರ ಕಾಯ್ದೆಯ ಪ್ರಕಾರ ಅವುಗಳಲ್ಲಿ ಹೆಂಡತಿ ಮಕ್ಕಳ ಜೊತೆಗೆ ತಾಯಿಗೂ ಸಮಪಾಲು ಉಂಟು. ಇದು ಗೊತ್ತಾದ ಮೇಲೆ ನಾನೇ ಲೆಕ್ಕ ಹಾಕಿ, ನಮ್ಮವರ ಖಾತೆಯಲ್ಲಿದ್ದ ಹಣದಲ್ಲಿ ಮೂರರಲ್ಲಿ ಒಂದು ಪಾಲನ್ನು ಅತ್ತೆಯ ಹೆಸರಿಗೆ ಡಿಪಾಸಿಟ್ ಇಟ್ಟೆ. ಅದು ಅವರ ಹಕ್ಕಾಗಿತ್ತು. ಕುಟುಂಬ ಪಿಂಚಣಿ ನನ್ನ ಹಕ್ಕಾಗಿತ್ತು. ಎರಡನ್ನೂ ಬೆರೆಸಿದ್ದರಿಂದಲೇ ಮನೆ ಒಡೆಯುವ ತನಕ ಬಂದಿತ್ತು.

ವಕೀಲರು ನೋಟಿಸು ಬರೆದುಕೊಟ್ಟರು. ಅದಕ್ಕಿಂತ ಹೆಚ್ಚಾಗಿ ಒಂದು ಶಬ್ದ ಕಲಿಸಿಕೊಟ್ಟರು: ಹಿಂಬರಹ. ಅಂದರೆ ನಮ್ಮ ಅರ್ಜಿಗೆ ಕಚೇರಿಯವರು ಬರೆದು ಕೊಡುವ ಉತ್ತರ. ಕಚೇರಿಯಲ್ಲಿ ಬಾಯಿಂದ ಆಡಿದ ಮಾತಿಗೆ ಬೆಲೆಯಿಲ್ಲ. ನಾವು ಅರ್ಜಿ ಕೊಡಬೇಕು, ನಮ್ಮ ಪ್ರತಿಯ ಮೇಲೆ ಸೀಲು, ತಾರೀಖು, ಇನ್‌ವರ್ಡ್ ನಂಬರು ಹಾಕಿಸಿಕೊಳ್ಳಬೇಕು. ಆಗುವುದಿಲ್ಲ ಎಂದರೆ ಯಾವ ನಿಯಮದ ಪ್ರಕಾರ ಆಗುವುದಿಲ್ಲ ಎಂದು ಹಿಂಬರಹ ಕೊಡಿ ಎನ್ನಬೇಕು. ಇದನ್ನು ಹೇಳಲು ನಾನು ಮನೆಯಲ್ಲಿ ಕನ್ನಡಿಯ ಮುಂದೆ ನಿಂತು ಅಭ್ಯಾಸ ಮಾಡಿಕೊಂಡು ಹೋಗಿದ್ದೆ. ಮೂವತ್ತು ವರ್ಷ ಅಡುಗೆಮನೆಯಲ್ಲಿದ್ದವಳಿಗೆ ಮೇಜಿನ ಮುಂದೆ ನಿಂತು ಕೊಡಿ ಎನ್ನುವುದು ಸುಲಭವಲ್ಲ.

"ತಕರಾರು ಇದ್ರ ಕುಟುಂಬ ಪಿಂಚಣಿ ತಡೀಬೇಕಂತ ಯಾವ ನಿಯಮದಾಗ ಐತಿ, ಅದನ್ನ ಬರದ ಕೊಡ್ರಿ" ಎಂದೆ.

ಕೇಸ್ ವರ್ಕರ್ ಸ್ವಲ್ಪ ಹೊತ್ತು ಸುಮ್ಮನೆ ಕೂತರು. ಸಾಹೇಬರಿಗೆ ಕೇಳಿ ಹೇಳುತ್ತೇನೆ ಎಂದರು. ಹಿಂಬರಹ ಬರಲಿಲ್ಲ. ಯಾರಾದರೂ ಬರೆಯುವುದಾದರೂ ಏನನ್ನು? ಒಂದು ತಿಂಗಳು ಕಾದು ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿದೆ. ಹತ್ತು ರೂಪಾಯಿ ಪೋಸ್ಟಲ್ ಆರ್ಡರು. ನಮ್ಮ ರಾಜ್ಯದಲ್ಲಿ ಅರ್ಜಿ ನೂರೈವತ್ತು ಪದ ಮೀರಬಾರದು, ಒಂದೇ ವಿಷಯದ್ದಿರಬೇಕು. ಹಾಗಾಗಿ ಒಂದೇ ಕೇಳಿದೆ: ನನ್ನ ಕುಟುಂಬ ಪಿಂಚಣಿ ಕಡತದ ಟಿಪ್ಪಣಿ ಹಾಳೆಗಳ ನಕಲು ಕೊಡಿ. ಮೂವತ್ತು ದಿನದೊಳಗೆ ಉತ್ತರ ಕೊಡಲೇಬೇಕು. ಇಪ್ಪತ್ತಾರನೇ ದಿನಕ್ಕೆ ಕಡತ ಬೆಂಗಳೂರಿನ ಮಹಾಲೇಖಪಾಲರ ಕಚೇರಿಗೆ ಹೋಗಿತ್ತು. ರಾಜ್ಯ ಸರ್ಕಾರದ ನೌಕರರ ಪಿಂಚಣಿಯನ್ನು ಅಧಿಕೃತಗೊಳಿಸಿ ಪಿಂಚಣಿ ಪಾವತಿ ಆದೇಶ ಕೊಡುವುದು ಅವರೇ.

ಇಷ್ಟಕ್ಕೇ ಮುಗಿಯಿತು ಎಂದು ಮನೆದೇವರಿಗೆ ಹರಕೆ ತೀರಿಸಿ ಬಂದೆ. ಎರಡು ತಿಂಗಳಿಗೆ ಕಡತ ವಾಪಸು ಬಂತು. ಆಕ್ಷೇಪಣೆ: ಸೇವಾ ಪುಸ್ತಕದಲ್ಲಿರುವ ಹೆಂಡತಿಯ ಹೆಸರಿಗೂ ಅರ್ಜಿದಾರರ ಹೆಸರಿಗೂ ತಾಳೆಯಾಗುತ್ತಿಲ್ಲ.

ನಮ್ಮಲ್ಲಿ ಮದುವೆಯ ದಿನ ಸೊಸೆಗೆ ಹೊಸ ಹೆಸರು ಇಡುವ ಪದ್ಧತಿ ಇದೆ. ತಾಟಿನಲ್ಲಿ ಅಕ್ಕಿ ಹರವಿ, ಮದುಮಗ ಉಂಗುರದಿಂದ ಅಕ್ಕಿಯ ಮೇಲೆ ಆ ಹೆಸರು ಬರೆಯುತ್ತಾನೆ. ನನ್ನ ತವರಿನ ಹೆಸರು ಒಂದು ನದಿಯದು. ಗಂಡನ ಮನೆಯವರು ಇಟ್ಟದ್ದು ದೇವಿಯ ಹೆಸರು. ನಮ್ಮವರು ಸೇವಾ ಪುಸ್ತಕದಲ್ಲಿ ಪ್ರೀತಿಯಿಂದ ಆ ಹೊಸ ಹೆಸರನ್ನೇ ಬರೆಸಿದ್ದರು. ಶಾಲೆಯ ದಾಖಲೆಯಿಂದ ಹಿಡಿದು ಆಧಾರ್ ತನಕ ನನ್ನ ಕಾಗದಗಳೆಲ್ಲ ನದಿಯ ಹೆಸರಿನಲ್ಲಿದ್ದವು. ಹೆಸರು ಎರಡಾದ ಮೇಲೆ ಹೆಂಗಸರೂ ಇಬ್ಬರಿರಬಹುದಲ್ಲ ಎಂಬ ಅನುಮಾನ ಕಾಗದ ನೋಡುವವರಿಗೆ ಬರುವುದು ಸಹಜ. ಇಬ್ಬರು ಹೆಂಡಿರ ಪ್ರಕರಣಗಳು ಕಡಿಮೆಯೇನಿಲ್ಲ. ಮೊದಲ ಮದುವೆ ಊರ್ಜಿತದಲ್ಲಿರುವಾಗ ಆದ ಎರಡನೇ ಮದುವೆಗೆ ಹಿಂದೂ ವಿವಾಹ ಕಾಯ್ದೆಯಲ್ಲಿ ಮಾನ್ಯತೆ ಇಲ್ಲ, ಆ ಹೆಂಡತಿಗೆ ಕುಟುಂಬ ಪಿಂಚಣಿಯೂ ಇಲ್ಲ. ಆದರೆ ಆಕೆಯ ಮಕ್ಕಳಿಗೆ ಹಕ್ಕು ಉಂಟು ಎಂದು 2000ದಲ್ಲಿ ರಾಮೇಶ್ವರಿ ದೇವಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ.

ಎರಡೂ ಹೆಸರು ಒಬ್ಬಳದೇ ಎಂದು ನೋಟರಿಯ ಮುಂದೆ ನಾನು ಪ್ರಮಾಣ ಪತ್ರ ಮಾಡಿಸಿದೆ. ನನ್ನ ಮಾತೊಂದೇ ಸಾಲದು, ಮದುವೆ ಕಂಡವರು ಯಾರಾದರೂ ಹೇಳಿಕೆ ಕೊಟ್ಟರೆ ಗಟ್ಟಿಯಾಗುತ್ತದೆ ಎಂದರು ವಕೀಲರು. ನನ್ನ ತಂದೆತಾಯಿ ಇಲ್ಲ. ಶಾಸ್ತ್ರ ಮಾಡಿಸಿದ ಆಚಾರ್ಯರೂ ಇಲ್ಲ. ಉಳಿದವರು ಅತ್ತೆ ಒಬ್ಬರೇ, ಅವರು ಇದ್ದದ್ದು ಮೈದುನನ ಮನೆಯಲ್ಲಿ.

ಕೇಳಲು ನನಗೆ ಬಾಯಿ ಬರಲಿಲ್ಲ. ಮಗನನ್ನು ಕಳಿಸಿದೆ. ಅಜ್ಜಿಯ ಹತ್ತಿರ ಕೂತು ಏನು ಹೇಳಿದನೋ, ಮರುದಿನ ಬೆಳಗ್ಗೆ ಎಂಟಕ್ಕೇ ಅತ್ತೆ ಆಟೊದಲ್ಲಿ ಒಬ್ಬರೇ ಬಂದಿಳಿದರು. ಎಪ್ಪತ್ತೊಂಬತ್ತು ವರ್ಷ, ಮೊಳಕಾಲು ನೋವು. ಮೈದುನನಿಗೆ ಹೇಳಿ ಬಂದಿದ್ದರೋ ಇಲ್ಲವೋ ನಾನು ಕೇಳಲಿಲ್ಲ.

ನೋಟರಿ ಕೂರುತ್ತಿದ್ದದ್ದು ಕೋರ್ಟಿನ ಬೇವಿನ ಮರದ ಕೆಳಗೆ, ಒಂದು ಮಡಚುವ ಮೇಜಿಟ್ಟುಕೊಂಡು. ಟೈಪು ಮಾಡಿದ್ದನ್ನು ಅತ್ತೆಗೆ ಓದಿ ಹೇಳಿದರು. ನಡುವೆ ಅತ್ತೆ ಕೈಯೆತ್ತಿ ನಿಲ್ಲಿಸಿ, "ಇದನ್ನೂ ಬರೀರಿ" ಎಂದರು.

"ಆ ತಾಟು ನಾನ ಹಿಡದಿದ್ದೆ. ಅಕ್ಕಿ ನಾನ ಹರವೀನಿ. ನನ್ನ ಮಗಾ ಮೊದಲನೇ ಅಕ್ಷರ ತಪ್ಪು ಬರದ, ನಾನು ಕೈಯಿಂದ ಅಳಿಸಿ ಮತ್ತ ಬರಸಿದೆ. ಹೆಸರು ಎರಡಿದ್ರ ಏನಾತು, ಸೊಸಿ ಒಬ್ಬಾಕಿನ."

ಅವರಿಗೆ ಸಹಿ ಮಾಡಲು ಬರುತ್ತಿತ್ತು. ಮೂರನೇ ಇಯತ್ತೆ ಓದಿದವರು. ಚಾಳೀಸು ಮನೆಯಲ್ಲೇ ಬಿಟ್ಟು ಬಂದಿದ್ದರಿಂದ ನೋಟರಿಯ ಚಾಳೀಸನ್ನೇ ಹಾಕಿಕೊಂಡು, ಒಂದೊಂದೇ ಅಕ್ಷರವನ್ನು ಬಿಡಿಸಿ ಬಿಡಿಸಿ ಬರೆದರು. ಹತ್ತಿಯ ಬತ್ತಿ ಹೊಸೆಯುವಾಗ ಬೆರಳು ಹೇಗೆ ನಿಧಾನವಾಗಿ ಹೊರಳುತ್ತದೋ ಹಾಗೆ ಆ ಪೆನ್ನು ಹೊರಳುತ್ತಿತ್ತು. ಬರೆದು ಮುಗಿಸಿ ಹೆಸರಿನ ಕೆಳಗೊಂದು ಗೆರೆ ಎಳೆದರು. ನಮ್ಮವರು ಆ ಗೆರೆ ಎಳೆಯುವುದನ್ನು ಯಾರಿಂದ ಕಲಿತಿದ್ದರು ಎಂದು ನನಗೆ ಗೊತ್ತಾದದ್ದು ಅವತ್ತು.

ಮರಳುವಾಗ ಆಟೊದಲ್ಲಿ ಇಬ್ಬರೂ ಮಾತಾಡಲಿಲ್ಲ. ಓಣಿಯ ತಿರುವು ಬಂದಾಗ ಅತ್ತೆ, "ಅವಗ ಸಿಟ್ಟ ಬರತದ, ಬರಲಿ" ಎಂದರು. ಸಿಟ್ಟು ಬಂತು. ಮೈದುನ ನನ್ನ ಜೊತೆ ಇವತ್ತಿಗೂ ಮಾತಾಡುವುದಿಲ್ಲ. ಅವನದು ದುರಾಸೆ ಎಂದು ನಾನು ಬರೆಯಲಾರೆ. ಹನ್ನೊಂದು ರಾತ್ರಿ ಆಸ್ಪತ್ರೆಯ ಬೆಂಚಿನ ಮೇಲೆ ಮಲಗಿದವನು ಅವನು. ಅಣ್ಣನ ದುಡಿಮೆಯ ಮೇಲೆ ತಾಯಿಗೂ ತನಗೂ ಒಂದು ಅಧಿಕಾರವಿದೆ ಎಂದು ಅವನು ಮನಸಾರೆ ನಂಬಿದ್ದ. ಅವನಿಗೆ ಯಾರೂ ಕಾನೂನು ಹೇಳಿರಲಿಲ್ಲ. ಕಚೇರಿಯಲ್ಲಿ ಕೂತವರು ತಕರಾರು ಅರ್ಜಿ ಬಂದ ದಿನವೇ ಅದರ ಮೇಲೆ ಎರಡು ಸಾಲು ಬರೆದು ಅವನಿಗೆ ಉತ್ತರ ಕೊಟ್ಟಿದ್ದರೆ, ಅವನು ನನ್ನ ಬದಲು ನಿಯಮದ ಮೇಲೆ ಸಿಟ್ಟಾಗುತ್ತಿದ್ದ.

2018ರ ಫೆಬ್ರವರಿಯಲ್ಲಿ ಆದೇಶ ಬಂತು. ಹದಿನೆಂಟು ತಿಂಗಳ ಬಾಕಿಯೂ ಒಟ್ಟಿಗೆ ಖಾತೆಗೆ ಜಮೆಯಾಯಿತು. ಆದೇಶದಲ್ಲಿ ನನ್ನ ಎರಡೂ ಹೆಸರುಗಳಿದ್ದವು, ನಡುವೆ 'ಉರ್ಫ್' ಎಂಬ ಶಬ್ದ. ಮೊದಲ ತಿಂಗಳ ದುಡ್ಡಿನಲ್ಲಿ ಅತ್ತೆಗೆ ಹೊಸ ಚಾಳೀಸು ಮಾಡಿಸಿದೆ. ಆಮೇಲೆ ಅವರು ಇರುವ ತನಕ ಪ್ರತಿ ತಿಂಗಳು ಐದನೇ ತಾರೀಖಿಗೆ ಮಗನ ಕೈಯಲ್ಲಿ ಒಂದಷ್ಟು ಕಳಿಸುತ್ತಿದ್ದೆ. ಇದನ್ನು ಮರಣಶಾಸನ ನೋಡಿ ಮಾಡಿದ್ದಲ್ಲ. ಅತ್ತೆ ತೀರಿಕೊಂಡು ನಾಲ್ಕು ವರ್ಷವಾಯಿತು.

ಅವತ್ತು ಗೊತ್ತಿರದೇ ಕಳೆದುಕೊಂಡದ್ದೂ ಇದೆ. ಮಗನಿಗೆ ಅನುಕಂಪದ ನೌಕರಿಗೆ ಅರ್ಜಿ ಹಾಕಲು ನಮ್ಮ ರಾಜ್ಯದಲ್ಲಿ ನೌಕರ ಸತ್ತ ಒಂದು ವರ್ಷದ ಗಡುವು. ಮಗನಿಗೆ ನೌಕರಿ ಸಿಕ್ಕರೆ ತಾಯಿಯ ಪಿಂಚಣಿ ನಿಲ್ಲುತ್ತದೆ ಎಂದು ಯಾರೋ ಹೇಳಿದ್ದನ್ನು ನಂಬಿ ಸುಮ್ಮನಿದ್ದೆ. ಅದು ಪೂರ್ತಿ ತಪ್ಪು ತಿಳಿವಳಿಕೆ. ಮಗನ ನೌಕರಿಯಿಂದ ವಿಧವೆಯ ಕುಟುಂಬ ಪಿಂಚಣಿ ನಿಲ್ಲುವುದಿಲ್ಲ. ನಿಜ ಗೊತ್ತಾಗುವ ಹೊತ್ತಿಗೆ ವರ್ಷ ದಾಟಿತ್ತು. ಮಗ ಈಗ ಖಾಸಗಿ ಕಂಪನಿಯಲ್ಲಿದ್ದಾನೆ, ನನ್ನ ಮೇಲೆ ಒಂದು ದಿನವೂ ಸಿಟ್ಟು ಮಾಡಿಲ್ಲ. ನನಗೇ ಮನಸ್ಸಿನಲ್ಲಿ ಉಳಿದಿದೆ.

ಇನ್ನೊಂದು, ತಡಮಾಡುವ ವಿಷಯ. ಕಾನೂನು ಸೇವಾ ಸಮಿತಿಯ ಬೆಂಚಿನ ಮೇಲೆ ನನ್ನ ಪಕ್ಕ ಕೂತಿದ್ದ ಒಬ್ಬ ಅಜ್ಜಿ, ಗಂಡ ಹೋಗಿ ಹನ್ನೊಂದು ವರ್ಷದ ಮೇಲೆ ಅರ್ಜಿ ಹಾಕಲು ಬಂದಿದ್ದರು. ಕೇಳಿದವರೆಲ್ಲ ಅವಧಿ ಮುಗಿದಿದೆ ಎಂದು ಕಳಿಸಿದ್ದರಂತೆ. ಹಾಗೇನಿಲ್ಲ. ಪಿಂಚಣಿ ತಿಂಗಳು ತಿಂಗಳು ಕೊಡಬೇಕಾದದ್ದು. ಕೊಡದ ಪ್ರತಿ ತಿಂಗಳೂ ಹೊಸದಾಗಿ ತಪ್ಪು ನಡೆದ ಹಾಗೆ. ಆದ್ದರಿಂದ ಹಕ್ಕು ಸಾಯುವುದಿಲ್ಲ. ಆದರೆ ತಡವಾಗಿ ಕೋರ್ಟಿಗೆ ಹೋದವರಿಗೆ ಹಿಂದಿನ ಬಾಕಿಯನ್ನು ಸಾಮಾನ್ಯವಾಗಿ ಮೂರು ವರ್ಷಕ್ಕೆ ಸೀಮಿತ ಮಾಡುತ್ತಾರೆ. 2008ರ ತರ್ಸೇಮ್ ಸಿಂಗ್ ತೀರ್ಪಿನಿಂದ ಇದು ನಡೆದುಕೊಂಡು ಬಂದಿದೆ. ಹನ್ನೊಂದರಲ್ಲಿ ಎಂಟು ವರ್ಷದ ದುಡ್ಡನ್ನು ಆ ಅಜ್ಜಿ ಬರೀ ಬಾಯಿಮಾತು ನಂಬಿ ಕಳೆದುಕೊಳ್ಳುವಂತಾಯಿತು. ರಾಜ್ಯ ಸರ್ಕಾರದ ನೌಕರರ ವಿಷಯವಾದರೆ ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಅದು ಬೆಂಗಳೂರಿನಲ್ಲಿದೆ, ಈಗ ಬೆಳಗಾವಿ ಮತ್ತು ಕಲಬುರಗಿಯಲ್ಲೂ ಪೀಠಗಳಿವೆ. ನನಗೆ ಅಲ್ಲಿಯ ತನಕ ಹೋಗುವ ಪ್ರಸಂಗ ಬರಲಿಲ್ಲ.

ಪಿಂಚಣಿ ಸರ್ಕಾರ ಕೊಡುವ ಭಿಕ್ಷೆಯಲ್ಲ ಎಂದು ಸುಪ್ರೀಂ ಕೋರ್ಟು 1971ರಲ್ಲೇ ದೇವಕಿನಂದನ್ ಪ್ರಸಾದ್ ಪ್ರಕರಣದಲ್ಲಿ ಹೇಳಿತ್ತು. 1982ರ ಡಿಸೆಂಬರ್ 17ರಂದು ನಾಕರಾ ತೀರ್ಪಿನಲ್ಲಿ ಅದನ್ನೇ ಇನ್ನಷ್ಟು ಗಟ್ಟಿಯಾಗಿ ಹೇಳಿತು. ಆ ದಿನವನ್ನು ದೇಶದಾದ್ಯಂತ ಪಿಂಚಣಿದಾರರ ದಿನವೆಂದು ಆಚರಿಸುತ್ತಾರೆ. ನಮ್ಮ ತಾಲ್ಲೂಕಿನ ನಿವೃತ್ತ ನೌಕರರ ಸಂಘದವರು ಹೋದ ವರ್ಷ ನನ್ನನ್ನೂ ಕರೆದಿದ್ದರು. ಸಭೆಯಲ್ಲಿ ಕುಟುಂಬ ಪಿಂಚಣಿ ತೆಗೆದುಕೊಳ್ಳುವ ಹೆಂಗಸರು ಇಪ್ಪತ್ತಕ್ಕೂ ಹೆಚ್ಚು ಮಂದಿ ಹಿಂದಿನ ಸಾಲುಗಳಲ್ಲಿ ಕೂತಿದ್ದೆವು. ಅದರಲ್ಲಿ ಎಷ್ಟೋ ಜನ, ಬ್ಯಾಂಕಿನ ಪಾಸ್‌ಬುಕ್ ಮಗನ ಹತ್ತಿರ ಇದೆ ಎಂದರು. ಆದೇಶದ ಪ್ರತಿಯನ್ನು ಕಣ್ಣಾರೆ ನೋಡಿದವರು ನಾಲ್ಕೈದು ಮಂದಿ.

ಗುರುವಾರ ಬಂದ ಆಕೆಗೆ ನಾನು ಮೊದಲು ಹೇಳಿದ್ದು, ಭಾವ ಯಾವ ಕಾಗದ ತಂದರೂ ಸಹಿ ಮಾಡಬೇಡ ಎಂದು. ಆಮೇಲೆ ಚೀಲದೊಳಗಿನ ಕಾಗದಗಳನ್ನು ಒಂದೊಂದಾಗಿ ಹರವಿ ಹೆಸರು ತಾಳೆ ನೋಡಿದೆವು. ಆಧಾರಿನಲ್ಲಿ ಹೆಸರಿನ ಕೊನೆಗೆ 'ವ್ವ' ಇದೆ, ಪಾಸ್‌ಬುಕ್ಕಿನಲ್ಲಿ ಇಲ್ಲ. ಸೇವಾ ಪುಸ್ತಕದಲ್ಲಿ ಹೇಗಿದೆ ಎಂದು ನೋಡಬೇಕು. ಆಕೆಯ ಅತ್ತೆ ಬದುಕಿದ್ದಾರೇನು ಎಂದು ಕೇಳಿದೆ. ಇದ್ದಾರಂತೆ.

ಸೋಮವಾರ ಹತ್ತೂವರೆಗೆ ಆಕೆಯ ಜೊತೆ ಕಚೇರಿಗೆ ಹೋಗುತ್ತಿದ್ದೇನೆ. ಅರ್ಜಿಯ ಎರಡು ಪ್ರತಿ ನಾನೇ ಕೈಬರಹದಲ್ಲಿ ಬರೆದಿಟ್ಟಿದ್ದೇನೆ. ಒಂದು ಅವರಿಗೆ ಕೊಡಲು, ಇನ್ನೊಂದು ಸೀಲು ಹಾಕಿಸಿಕೊಂಡು ಬರಲು.